ಮುಟ್ಟದೆ ಕಾಯ್ದ ಮನೆ

ಹುಣಸೆಕೊಪ್ಪ, ಮಳಗಿ ಅಂಚೆ
21 ಜನವರಿ 2024

ನನ್ನ ಜ್ಯೂಲಿಗೆ,

ನೀನು ಕ್ರಿಸ್ಮಸ್ಸಿಗೆ ಹಾಕಿದ ಕಾರ್ಡು ಸಂಕ್ರಾಂತಿ ಕಳೆದ ಮೇಲೆ ಬಂತು. ಜೋಯಿಡಾ ಕಾಡಿನೊಳಗಿಂದ ಬರಬೇಕಲ್ಲ, ಬಂದದ್ದೇ ದೊಡ್ಡದು ಅಂದುಕೊಂಡೆ. ನೀನು ತೆಳ್ಳಗಾಗಿದ್ದೀಯೋ ದಪ್ಪಗಾಗಿದ್ದೀಯೋ ಕಾರ್ಡಿನಿಂದ ತಿಳಿಯುವುದಿಲ್ಲ. ಮುಂದಿನ ಸಲ ಅದನ್ನೂ ಬರೆ.

ಇಲ್ಲಿಯ ಸುದ್ದಿ ಬೇರೆಯವರ ಬಾಯಿಂದ ನಿನಗೆ ತಿಳಿಯುವುದು ಬೇಡ ಎಂದು ನಾನೇ ಬರೆಯುತ್ತಿದ್ದೇನೆ. ಮೊನ್ನೆ ಗುರುವಾರ ಪಂಚಾಯಿತಿಯ ಬಿಲ್ ಕಲೆಕ್ಟರ್ ಸೋಮಪ್ಪ ನಮ್ಮ ಬಾಗಿಲಿಗೆ ಒಂದು ಕಾಗದ ಅಂಟಿಸಿದ. ನಾನು ಹಿತ್ತಲಲ್ಲಿ ಕೌದಿ ಒಣಹಾಕುತ್ತಿದ್ದೆ. ಬಂದು ನೋಡುವಷ್ಟರಲ್ಲಿ ಗೋಂದು ಹಚ್ಚಿ ಆಗಿತ್ತು.

“ಏನಪಾ ಸೋಮಪ್ಪಾ ಇದು?” ಎಂದೆ.

“ನನ್ ಮ್ಯಾಲ ಸಿಟ್ಟಾಗಬ್ಯಾಡ್ರಿ ಕಾತರಿನಕ್ಕಾ. ನಾ ಬರೇ ಅಂಟಸಾಂವ. ಬರದಾವ್ರು ಒಳಗ ಕುಂತಾರ” ಎಂದ.

ಮನೆ ಪಂಚಾಯಿತಿ ಜಾಗದಲ್ಲಿದೆಯಂತೆ. ಹದಿನೈದು ದಿನದೊಳಗೆ ನಾವೇ ಖಾಲಿ ಮಾಡಿ ಕೆಡವಬೇಕಂತೆ, ಇಲ್ಲದಿದ್ದರೆ ಅವರೇ ಜೆಸಿಬಿ ತಂದು ಕೆಡವುತ್ತಾರಂತೆ. ಊರಿನ ಕಸವನ್ನು ಒಣ ಕಸ, ಹಸಿ ಕಸ ಎಂದು ಬೇರೆ ಮಾಡುವ ಶೆಡ್ಡಿಗೆ ಜಾಗ ಬೇಕಾಗಿದೆ. ಇಷ್ಟು ದೊಡ್ಡ ಊರಿನಲ್ಲಿ ಕಸಕ್ಕೆ ನನ್ನ ಅಡುಗೆಮನೆಯೇ ಸಿಕ್ಕಿತು ನೋಡು! ದೇವರ ಪಾದ ಸೇರಿದ ನಿನ್ನ ಅಪ್ಪ ಮತ್ತು ನಾನು ಮದುವೆಯಾದ ವರ್ಷ ಮಣ್ಣು ತುಳಿದು ಎಬ್ಬಿಸಿದ ಗೋಡೆ ಅದು. ಪ್ರತಿ ವರ್ಷ ಮನೆ ಕರವನ್ನು ಇದೇ ಸೋಮಪ್ಪನ ಕೈಗೇ ಕೊಟ್ಟಿದ್ದೇನೆ. ಕರ ಇಸಿದುಕೊಳ್ಳುವಾಗ ಅದು ಯಾರ ಜಾಗ ಎಂದು ಒಬ್ಬರೂ ಕೇಳಿರಲಿಲ್ಲ.

ಮುಂಡಗೋಡಿನಲ್ಲಿ ಸುಮಿತಾ ಎಂಬ ವಕೀಲರಿದ್ದಾರೆ, ನಮ್ಮ ಸಿದ್ದಿ ಜನರ ಕೆಲಸ ಬೇಸರಿಸದೆ ಮಾಡಿಕೊಡುತ್ತಾರೆ ಎಂದು ಇಂದೂರು ಹಳ್ಳಿಯ ನಮ್ಮ ರುಬಿನಾ ಹೇಳಿದಳು. ನಾಳೆ ಹೋಗುತ್ತೇನೆ. ನೀನು ಡಿಸೆಂಬರ್ ಎಂಟಕ್ಕೆ ವ್ರತ ತೆಗೆದುಕೊಂಡು ಸಿಸ್ಟರ್ ಆಗುವವಳು. ಈ ಮನೆಯ ಚಿಂತೆ ನಿನಗೆ ಬೇಡ. ಪ್ರಾರ್ಥನೆ ಮಾಡು, ಸಾಕು.

ನಿನ್ನ ಅವ್ವ
ಕಾತರಿನಾ


ಕಾನ್ವೆಂಟು, ಜೋಯಿಡಾ ತಾಲೂಕು
4 ಫೆಬ್ರವರಿ 2024

ಅವ್ವಾ,

ನಿನ್ನ ಪತ್ರ ಓದಿ ಊಟ ಸೇರಲಿಲ್ಲ. ಚಿಂತೆ ಬೇಡ ಎಂದು ಬರೆದುಬಿಟ್ಟರೆ ಚಿಂತೆ ಹೋಗುತ್ತದೆಯೇ? ವಕೀಲರು ಏನಂದರು? ಜೆಸಿಬಿ ಬಂದುಬಿಟ್ಟರೆ ನೀನು ಎಲ್ಲಿಗೆ ಹೋಗುತ್ತೀ?

ಫೋನು ಮಾಡೋಣ ಎಂದರೆ ನಮ್ಮಂಥ ಕಲಿಯುವವರಿಗೆ ಫೋನಿಲ್ಲ. ಯಾರಾದರೂ ಸತ್ತರೆ ಮಾತ್ರ ಮದರ್ ಕೊಡುತ್ತಾರೆ. ತಿಂಗಳಿಗೆ ಎರಡು ಪತ್ರ, ಅದೂ ಮದರ್ ಓದಿದ ಮೇಲೆಯೇ ಲಕೋಟೆ ಮುಚ್ಚುವುದು. ಮದರ್ ಬಹಳ ಒಳ್ಳೆಯವರು, ಅದನ್ನೂ ಇಲ್ಲಿಯೇ ಬರೆದುಬಿಡುತ್ತೇನೆ.

ನಾನು ದಪ್ಪಗಾಗಿಲ್ಲ. ಇಲ್ಲಿ ನೆಲಕ್ಕೆಲ್ಲ ಟೈಲ್ಸು. ಒರೆಸಿದರೆ ಮುಗಿಯಿತು, ಸಾರಿಸುವ ಕೆಲಸವಿಲ್ಲ. ಹಿಂದಿನ ಕೋಣೆ ಹೇಗಿದೆ? ನನ್ನ ಚಾಪೆ ಹಾಸುತ್ತಿದ್ದ ಮೂಲೆಯಲ್ಲಿ ಈಗ ಏನಿಟ್ಟಿದ್ದೀ? ಕಿಟಕಿಯ ಕೆಳಗೆ ಗೆದ್ದಲು ಹತ್ತಿತ್ತಲ್ಲ, ಹೋಯಿತೇ? ಬೆಕ್ಕು ಇನ್ನೂ ಅಟ್ಟದ ಮೇಲೆಯೇ ಮಲಗುತ್ತದೆಯೇ? ಸುಮ್ಮನೆ ಕೇಳಿದೆ. ಎಲ್ಲ ಬರೆ.

ನಿನ್ನ
ಜ್ಯೂಲಿ


ಹುಣಸೆಕೊಪ್ಪ
18 ಫೆಬ್ರವರಿ 2024

ನೀಲಕ್ಕನವರಿಗೆ ಶರಣು,

ನಿಮ್ಮ ಕಿವಿ ಈಗ ಪೂರ್ತಿ ಮುಷ್ಕರ ಹೂಡಿದೆ, ಫೋನು ಹಿಡಿದರೆ ‘ಹಾಂ, ಹಾಂ’ ಎಂದು ನೀವೇ ಕಿರುಚುತ್ತೀರಿ ಎಂದು ನಿಮ್ಮ ಮಗಳು ದಾನೇಶ್ವರಿ ಹೇಳಿದಳು. ಅದಕ್ಕೇ ಅಂಚೆ. ನೀವು ಅವಳ ಜೊತೆ ದಾಂಡೇಲಿಯ ಅಂಬೇವಾಡಿಗೆ ಹೋದ ಮೇಲೆ ಪಕ್ಕದ ಮನೆಗೆ ಬೀಗ. ಬೆಳಗ್ಗೆ ಎದ್ದರೆ ಬೈಯುವವರೇ ಇಲ್ಲ, ಬೇಸರ.

ಕೆಡವುವ ಕಾಗದದ ಸುದ್ದಿ ನಿಮ್ಮ ಮೈದುನ ಅಡಿವೆಯ್ಯನವರು ಹೇಳಿರಬೇಕು. ಸುಮಿತಾ ವಕೀಲರು ಧಾರವಾಡದ ಕೋರ್ಟಿಗೆ ಹಾಕಿದರು. ನಾನೂ ಹೋಗಿದ್ದೆ. ಕಟ್ಟಡ ಎಷ್ಟು ದೊಡ್ಡದೆಂದರೆ ನೀರು ಕುಡಿಯಲು ಹೋದವಳು ದಾರಿ ತಪ್ಪಿದೆ. ಹೊರಗೆ ಬಂದು ವಕೀಲರು ಹೇಳಿದರು:

“ತಡೆ ಸಿಕ್ತು ಕಾತರಿನಾಬಾಯಿ. ಕೇಸ್ ಮುಗಿಯೂತನಾ ಅವರು ಕೆಡವಂಗಿಲ್ಲ. ಆದರ ನೀವೂ ಏನೂ ಬದಲ್ ಮಾಡಂಗಿಲ್ಲ. ಮನಿ ಈಗ ಹೆಂಗೈತಿ ಹಂಗ ಇರಬೇಕು. ಯಥಾಸ್ಥಿತಿ ಅಂತಾರ ಇದಕ್ಕ. ಒಂದ್ ಇಟ್ಟಂಗಿ ಏರಿಸಿದ್ರೂ ಅವರು ಫೋಟೋ ತಗದು ಕೋರ್ಟಿಗೆ ಹಾಕ್ತಾರ, ತಡೆ ಹೋಗಿಬಿಡ್ತೈತಿ.”

“ನಮ್ ಮನ್ಯಾಗ ಇಟ್ಟಂಗಿನ ಇಲ್ರಿ, ಬರೇ ಮಣ್ಣು” ಎಂದೆ. ನಕ್ಕರು. ನಾನೂ ನಕ್ಕೆ.

ನಿಮಗೊಂದು ಮಾತು ಹೇಳಬೇಕು, ಬೇರೆ ಯಾರಿಗೂ ಹೇಳಲಾಗುವುದಿಲ್ಲ. ಜ್ಯೂಲಿ ಪತ್ರ ಬರೆದರೆ ದೇವರ ಸುದ್ದಿ ಒಂದು ಸಾಲು, ಮನೆಯ ಸುದ್ದಿ ಒಂದು ಪುಟ. ಮೂಲೆ ಹೇಗಿದೆ, ಕಿಟಕಿ ಹೇಗಿದೆ, ಬೆಕ್ಕು ಎಲ್ಲಿ ಮಲಗುತ್ತದೆ. ಎಲ್ಲ ಬಿಟ್ಟು ಹೋಗುವ ಹುಡುಗಿ ಇದನ್ನೆಲ್ಲ ಕೇಳುತ್ತಾಳೆಯೇ? ಅವಳಿಗೆ ಅಲ್ಲಿ ಮನಸ್ಸಿಲ್ಲ ನೀಲಕ್ಕ. ಊರಿಗೆಲ್ಲ ಊಟ ಹಾಕಿ, ಸೇವಂತಿಗೆ ಹಾರ ಹಾಕಿಸಿಕೊಂಡು ಹೋದವಳು, ಹೇಗೆ ಹೇಳಿಯಾಳು? ನಾನಾಗಿ ಬಾ ಎಂದರೆ ದೇವರ ಕೈಯಿಂದ ಕಸಿದುಕೊಂಡಂತೆ. ಬರಬೇಡ ಎನ್ನಲಂತೂ ಆಗುವುದಿಲ್ಲ. ಅವಳಾಗಿ ತಿರುಗಿ ಬಂದರೆ ತಳ್ಳಿ ಒಳಗೆ ಬರಲು ಒಂದು ಬಾಗಿಲಿರಬೇಕು, ಅಷ್ಟೇ. ಅದಕ್ಕಾಗಿ ಕೋರ್ಟಿನ ಮೆಟ್ಟಿಲು ಹತ್ತಿದ್ದೇನೆ. ನನ್ನೊಬ್ಬಳಿಗಾದರೆ ಯಾವ ಮೂಲೆಯೂ ಆದೀತು.

ನಿಮ್ಮ
ಕಾತರಿನಾ


ಅಂಬೇವಾಡಿ, ದಾಂಡೇಲಿ
3 ಮಾರ್ಚ್ 2024

ಕಾತರಿನಾ,

ನನ್ನ ಕಿವಿಯ ಸುದ್ದಿ ನಿನಗೆ ಬೇಡ. ಕೇಳದಿದ್ದರಿಂದ ಅಳಿಯನ ಮಾತು ತಪ್ಪಿತು, ಒಳ್ಳೆಯದೇ ಆಯಿತು.

ತಡೆ ಸಿಕ್ಕಿದ್ದು ಕೇಳಿ ಹಾಲು ಕುಡಿದಷ್ಟು ಸಂತೋಷವಾಯಿತು. ಜ್ಯೂಲಿ ವಿಷಯ ನನಗೆ ಮೊದಲೇ ಗೊತ್ತಿತ್ತು. ಹೋಗುವ ದಿನ ನನ್ನ ಕಾಲಿಗೆ ಬಿದ್ದವಳು ಏಳಲೇ ಇಲ್ಲ, ನಾನೇ ಎಬ್ಬಿಸಬೇಕಾಯಿತು. ಸಂತೋಷದಿಂದ ಹೋಗುವವರು ಹಾಗೆ ಬೀಳುವುದಿಲ್ಲ. ಆದರೆ ನೀನು ಹೆಡ್ಡಿಯ ಹಾಗೆ ಏನೇನೋ ಬರೆದು ಅವಳನ್ನು ಅಳಿಸಬೇಡ. ಮನೆ ಗಟ್ಟಿಯಾಗಿ ಇಟ್ಟುಕೋ. ಅಡಿವೆಯ್ಯನಿಗೆ ಹೇಳಿದ್ದೇನೆ, ಏನು ಬೇಕಾದರೂ ಕೇಳು.

ನೀಲಕ್ಕ


ಹುಣಸೆಕೊಪ್ಪ
2 ಏಪ್ರಿಲ್ 2024

ನನ್ನ ಜ್ಯೂಲಿಗೆ,

ಪುನರುತ್ಥಾನದ ಹಬ್ಬ ಆಯಿತು. ಫಾದರ್ ಮನೆ ಆಶೀರ್ವದಿಸಲು ಬಂದು, “ಇದ್ಯಾಕ ಕಾತರಿನಾ, ಈ ಸಲ ಮನಿ ಸಾರಸೇ ಇಲ್ಲ?” ಎಂದರು. ಕೋರ್ಟಿನ ಮಾತು ಹೇಳಿದೆ. ತೀರ್ಥ ಚಿಮುಕಿಸಿ ಹೋದರು.

ನೀನು ಕೇಳಿದ್ದಕ್ಕೆಲ್ಲ ಉತ್ತರ: ನಿನ್ನ ಮೂಲೆಯಲ್ಲಿ ಏನೂ ಇಟ್ಟಿಲ್ಲ. ಬೆಕ್ಕು ಮರಿ ಹಾಕಿದೆ. ಗೆದ್ದಲು ಇದೆ, ಅದನ್ನೂ ಮುಟ್ಟಿಲ್ಲ. ಸೋಮಪ್ಪ ಹದಿನೈದು ದಿನಕ್ಕೊಮ್ಮೆ ಬಂದು ಮೊಬೈಲಿನಲ್ಲಿ ನಾಲ್ಕೂ ಕಡೆ ಫೋಟೋ ತೆಗೆದುಕೊಂಡು ಹೋಗುತ್ತಾನೆ. ಗೋಡೆಗೆ ಕೆಮ್ಮಣ್ಣು ಬಳಿದರೆ ಬಣ್ಣ ಬೇರೆ ಕಾಣುತ್ತದೆ. ಬೇರೆ ಕಂಡರೆ ತಡೆ ಹೋಗುತ್ತದೆ. ಹೊರಗಿನ ಒಲೆಯ ಕಲ್ಲೊಂದು ವಾಲಿದೆ, ಅದನ್ನೂ ಹಾಗೇ ಬಿಟ್ಟು ಒಂದು ಕೈಯಲ್ಲಿ ಪಾತ್ರೆ ಹಿಡಿದುಕೊಂಡೇ ಅಡುಗೆ ಮಾಡುತ್ತೇನೆ. ನನ್ನ ಮನೆಯಲ್ಲಿ ನಾನೇ ನೆಂಟಳ ಹಾಗೆ ಕೈಕಟ್ಟಿ ಕೂತಿದ್ದೇನೆ. ಜನ ನಗುತ್ತಾರೆ, ನಗಲಿ.

ಕೋರ್ಟು ನಮ್ಮ ಮಾತು ನಂಬಿ ಕಾಗದ ಕೊಟ್ಟಿದೆ. ಅವರ ಮಾತು ಮೀರಬಾರದು. ನೀನೂ ಅಲ್ಲಿ ಹಿರಿಯರ ಮಾತು ಮೀರದೆ ಇರುವವಳಲ್ಲವೇ.

ನಿನ್ನ ಅವ್ವ
ಕಾತರಿನಾ


ಹುಣಸೆಕೊಪ್ಪ
19 ಮೇ 2024

ನೀಲಕ್ಕನವರಿಗೆ,

ಕೋರ್ಟಿಗೆ ಬೇಸಿಗೆ ರಜೆ! ಶಾಲೆಗೆ ರಜೆ ಇರುವುದು ಗೊತ್ತಿತ್ತು, ಕೋರ್ಟಿಗೂ ಇರುತ್ತದೆ ಎಂದು ಈಗ ತಿಳಿಯಿತು. ಅದೂ ಯಾವಾಗ? ನಾವು ಹೆಂಚು ಇಳಿಸಿ, ಒಡೆದದ್ದನ್ನು ಬದಲಿಸಿ, ಮಳೆ ಬಡಿಯುವ ಗೋಡೆಗೆ ಹುಲ್ಲಿನ ತಟ್ಟಿ ಕಟ್ಟುವ ತಿಂಗಳಲ್ಲಿ. ಅವರು ರಜೆಯಿಂದ ತಿರುಗಿ ಬರುವಷ್ಟರಲ್ಲಿ ನಮ್ಮ ಮಳೆ ಬಂದಿರುತ್ತದೆ.

ವಕೀಲರ ಆಫೀಸಿಗೆ ಫೋನು ಮಾಡಿದೆ. ಅವರ ಗುಮಾಸ್ತ ಎತ್ತಿದ.

“ತಟ್ಟಿ ಕಟ್ಟಬಹುದೇನ್ರಿ?”

“ಮೇಡಂ ಊರಾಗಿಲ್ಲ. ತಟ್ಟಿ ಅಂದ್ರೇನ್ರಿ?”

“ಹುಲ್ಲಿನ ಪರದೆರಿ. ಮಳಿ ಗೋಡಿಗೆ ಬಡೀಬಾರ್ದು ಅಂತ ಹೊರಗ ಕಟ್ತೇವಿ.”

“ಅಂದ್ರ ಹೊಸಾದು ಕಟ್ಟಿದಂಗ ಆತಲ್ರಿ? ಯದಕ್ಕೂ ಏನೂ ಮುಟ್ಟಬ್ಯಾಡ್ರಿ. ರಜಾ ಮುಗೀಲಿ, ಅರ್ಜಿ ಹಾಕಿ ಪರವಾನಗಿ ಕೇಳೂಣು.”

ಅಡಿವೆಯ್ಯನವರು ಪಾಪ, ತಾವೇ ಹುಲ್ಲಿನ ಹೊರೆ ತಂದು ಅಂಗಳದಲ್ಲಿ ಹಾಕಿದರು. “ನೀ ಒಳಗ ಕುಂದ್ರವಾ, ನಾ ಕಟ್ತೇನಿ. ಯಾರರ ಕೇಳಿದ್ರ ಮುದುಕ ಕಟ್ಟಿದ ಅನ್ನು” ಎಂದರು. ಕೈಮುಗಿದು ಬೇಡ ಎಂದೆ. ಸಿಟ್ಟಾಗಿ ಹೊರೆಯನ್ನು ಅಲ್ಲಿಯೇ ಬಿಟ್ಟು ಹೋದರು. ಅದನ್ನು ನಿಮ್ಮ ದನದ ಕೊಟ್ಟಿಗೆಯಲ್ಲಿ ಒಟ್ಟಿದ್ದೇನೆ.

ರಾತ್ರಿ ನಿದ್ದೆ ಇಲ್ಲ ನೀಲಕ್ಕ. ಕೋರ್ಟಿನವರ ಮನೆಗಳು ಸಿಮೆಂಟಿನವು. ಸುಮ್ಮನೆ ಬಿಟ್ಟರೆ ಹೇಗಿತ್ತೋ ಹಾಗೇ ಇರುತ್ತವೆ. ಮಣ್ಣಿನ ಮನೆ ಹಾಗಲ್ಲ, ವರ್ಷಾ ವರ್ಷಾ ಕೈಯಾಡಿಸಿದರೆ ಮಾತ್ರ ಇದ್ದ ಹಾಗೆ ಇರುತ್ತದೆ. ಇದನ್ನು ಧಾರವಾಡದಲ್ಲಿ ನಿಂತಾಗಲೇ ಹೇಳಬೇಕಿತ್ತು. ಆಗ ನಕ್ಕು ಬಂದೆ. ಹೇಳಲು ತೋಚಲಿಲ್ಲ.

ಕಾತರಿನಾ


ಅಂಬೇವಾಡಿ
1 ಜೂನ್ 2024

ಕಾತರಿನಾ,

ತಟ್ಟಿ ಕಟ್ಟು. ನಿನಗೆ ತಲೆ ನೆಟ್ಟಗಿದೆಯೇ? ಯಾವ ಜಡ್ಜು ಬಂದು ನಿನ್ನ ಹುಲ್ಲು ಎಣಿಸುತ್ತಾನೆ? ಈ ಪತ್ರ ಕೈಗೆ ಬಂದ ದಿನವೇ ಕಟ್ಟು. ಕಟ್ಟಿಲ್ಲವೆಂದು ಕೇಳಿದರೆ ಈ ಕಾಲಿನಲ್ಲೇ ಬಸ್ಸು ಹತ್ತಿ ಬರುತ್ತೇನೆ.

ನೀಲಕ್ಕ


ಹುಣಸೆಕೊಪ್ಪ
20 ಜುಲೈ 2024

ನೀಲಕ್ಕನವರಿಗೆ,

ಹಿಂದಿನ ಗೋಡೆ ಹೋಯಿತು.

ತಟ್ಟಿ ಕಟ್ಟಲು ಪರವಾನಗಿ ಕೇಳಿ ವಕೀಲರು ಅರ್ಜಿ ಹಾಕಿದ್ದರು. ಜೂನ್‌ನಲ್ಲಿ ಒಂದು ದಿನ ಬಂತು, ಪಂಚಾಯಿತಿಯ ವಕೀಲರು ಟೈಮು ಕೇಳಿದರು, ಮುಂದೆ ಹೋಯಿತು. ಇನ್ನೊಮ್ಮೆ ಬಂತು, ನಮ್ಮದರ ತನಕ ಸರತಿಯೇ ಬರಲಿಲ್ಲ. ಮಳೆ ಮಾತ್ರ ಒಂದು ದಿನವೂ ಟೈಮು ಕೇಳಲಿಲ್ಲ. ಹತ್ತು ದಿನ ಬಿಡದೆ ಹೊಯ್ಯಿತು. ಗೋಡೆ ಬುಡದಲ್ಲಿ ಉಬ್ಬಿಕೊಂಡಿತು. ಒಳಗಿನಿಂದ ಅಂಗೈ ಇಟ್ಟು ನೋಡಿದರೆ ಹಿಟ್ಟು ಮುಟ್ಟಿದ ಹಾಗೆ ಮೆತ್ತಗೆ. ಗುರುವಾರ ಮಧ್ಯಾಹ್ನ ಗಂಜಿ ಬಸಿಯುತ್ತಿದ್ದೆ. ದೊಡ್ಡ ಸದ್ದೇನೂ ಆಗಲಿಲ್ಲ. ಕೂತುಕೊಂಡಂತೆ ಕೂತುಬಿಟ್ಟಿತು, ಅದರ ಹಿಂದೆ ಹೆಂಚುಗಳು ಬಿದ್ದವು. ಜ್ಯೂಲಿ ಮಲಗುತ್ತಿದ್ದ ಕೋಣೆ. ಬೆಕ್ಕು ಹಿಂದಿನ ದಿನವೇ ಮರಿಗಳನ್ನು ಕರೆದುಕೊಂಡು ನಿಮ್ಮ ಜಗುಲಿಗೆ ಹೋಗಿತ್ತು. ಅದಕ್ಕಿದ್ದ ಬುದ್ಧಿ ನನಗಿರಲಿಲ್ಲ.

ಬೈಯಿರಿ. ನೀವು ಹೇಳಿದ್ದೇ ಸರಿ. ಅಡಿವೆಯ್ಯನವರು ಒಂದು ಮಾತೂ ಬೈಯಲಿಲ್ಲ, ಅದೇ ಹೆಚ್ಚು ನೋವಾಯಿತು.

ಸೋಮಪ್ಪ ಫೋಟೋಕ್ಕೆ ಬಂದ. ಕೊಡೆ ಹಿಡಿದು ನಿಂತ. “ಅಕ್ಕಾ, ಇದನ್ನ ಹೆಂಗ ಕಳಸಲಿ? ಮನಿ ಬಿತ್ತು ಅಂತ ಕೋರ್ಟಿಗೆ ಹೇಳಿ ಕೇಸ್ ಮುಗಿಸಿಬಿಡ್ತಾರ. ನಾ ಹ್ವಾದ ತಿಂಗಳದ್ದ ಕಳಸ್ತೇನಿ” ಎಂದ. ಅದು ತಪ್ಪಲ್ಲವೇ ಎಂದೆ. “ಅಂಟಸಿದ್ದೂ ನಾನ ಅಲ್ಲೇನ್ರಿ” ಎಂದು ಮುಖ ತಿರುಗಿಸಿದ. ಅವನ ಮೇಲಿನ ಸಾಹೇಬರಿಗೆ ಮೂರು ಊರಿನ ಪಂಚಾಯಿತಿ, ಇತ್ತ ಅವರು ಕಾಲಿಡುವುದಿಲ್ಲ. ಹೀಗೆ ನಮ್ಮ ಮನೆ ಕಾಗದದಲ್ಲಿ ಯಥಾಸ್ಥಿತಿಯಾಗಿ ನಿಂತಿದೆ. ನಾನೂ ಸುಮಿತಾ ವಕೀಲರಿಗೆ ಹೇಳಿಲ್ಲ. ಹೇಳಲು ಧೈರ್ಯವಿಲ್ಲ.

ಅಡುಗೆ ಕಡೆಯ ಭಾಗ ಇನ್ನೂ ಇದೆ. ಅಲ್ಲಿಯೇ ಇದ್ದೇನೆ. ಜ್ಯೂಲಿಗೆ ನಿಮ್ಮಿಂದ ಒಂದು ಅಕ್ಷರವೂ ಹೋಗಬಾರದು. ನನ್ನ ಮೇಲೆ ಆಣೆ.

ಕಾತರಿನಾ


ಹುಣಸೆಕೊಪ್ಪ
15 ಆಗಸ್ಟ್ 2024

ನನ್ನ ಜ್ಯೂಲಿಗೆ,

ಇಲ್ಲಿ ಮಳೆ ಜೋರು. ನಾನು ಆರಾಮಾಗಿದ್ದೇನೆ. ಈ ವರ್ಷ ಕೌದಿ ಹೊಲಿಯುವ ಕೆಲಸ ಕಡಿಮೆ, ಬಟ್ಟೆ ಒಣಗುವುದಿಲ್ಲ. ಬೆಕ್ಕಿನ ಮರಿಗಳು ದೊಡ್ಡವಾಗಿ ಊರೆಲ್ಲ ತಿರುಗುತ್ತಿವೆ. ಕೇಸು ನಡೆಯುತ್ತಿದೆ. ಮನೆಯನ್ನು ಕೋರ್ಟು ಕಾಯುತ್ತಿದೆ.

ಕಿಟಕಿಯ ಬಗ್ಗೆ ಮತ್ತೆ ಕೇಳಿದ್ದೀ. ಗೆದ್ದಲಿನ ತಾಪತ್ರಯ ಈಗ ಇಲ್ಲ.

ಹೊತ್ತಿಗೆ ಸರಿಯಾಗಿ ಊಟ ಮಾಡು.

ನಿನ್ನ ಅವ್ವ


ಹುಣಸೆಕೊಪ್ಪ
8 ನವೆಂಬರ್ 2024

ನೀಲಕ್ಕನವರಿಗೆ,

ಕೇಸು ಗೆದ್ದೆವು.

ನನ್ನ ಅಹವಾಲು ಕೇಳದೆಯೇ ಪಂಚಾಯಿತಿ ಆದೇಶ ಮಾಡಿದ್ದು ತಪ್ಪು, ಅದು ರದ್ದು, ಮನೆ ಕೆಡವಬಾರದು ಎಂದು ತೀರ್ಪು. ಬೇಕಿದ್ದರೆ ಕಾನೂನು ಪ್ರಕಾರ ಹೊಸದಾಗಿ ನೋಟಿಸು ಕೊಟ್ಟು ಮೊದಲಿನಿಂದ ಶುರು ಮಾಡಬಹುದಂತೆ. ಸುಮಿತಾ ವಕೀಲರು ನನ್ನ ಎರಡೂ ಕೈ ಹಿಡಿದುಕೊಂಡರು. “ಕಾತರಿನಾಬಾಯಿ, ಮನಿ ಉಳೀತು!” ಎಂದರು. ಅವರ ಕಣ್ಣಲ್ಲಿ ನೀರು. ನಾನು ಹೂಂ ಎಂದೆ. ಆ ಹೊತ್ತಿನಲ್ಲಿ ಹೇಗೆ ಹೇಳಲಿ? ಪೇಪರಿನವನೊಬ್ಬ ನನ್ನ ಹೆಸರು ಕೇಳಿದ, ವಯಸ್ಸು ಕೇಳಿದ, ಏನನ್ನಿಸುತ್ತದೆ ಎಂದು ಕೇಳಿದ. ಇಷ್ಟು ತಿಂಗಳಲ್ಲಿ ಮನೆ ಹೇಗಿದೆ ಎಂದು ಮಾತ್ರ ಅಲ್ಲಿ ಯಾರೂ ಕೇಳಲಿಲ್ಲ.

ಆಗಸ್ಟ್ ಕೊನೆಗೆ ಅಡುಗೆ ಕಡೆಯದೂ ಬಿದ್ದದ್ದು ನಿಮಗೆ ಗೊತ್ತು. ಬೀಗದ ಕೈ ಕೊಟ್ಟರೂ ನಿಮ್ಮ ಮನೆಯೊಳಗೆ ಹೋಗದೆ ಕೊಟ್ಟಿಗೆಯಲ್ಲಿ ಇದ್ದೇನೆ ಎಂದು ಬೈಯುತ್ತೀರಿ. ಕೊಟ್ಟಿಗೆಯಿಂದ ನನ್ನ ಜಾಗ ಕಾಣುತ್ತದೆ. ಒಳಗೆ ಮಲಗಿದರೆ ಕಾಣುವುದಿಲ್ಲ. ಹಗಲು ಹೊತ್ತು ಹೋಗಿ ಅಲ್ಲಿಯೇ ಕೂರುತ್ತೇನೆ. ಖಾಲಿ ಜಾಗ ಎಂದು ಯಾರಾದರೂ ಕಸ ಸುರಿದುಬಿಟ್ಟರೆ?

ಸಾಕಾಗಿ ಹೋಗಿದೆ ನೀಲಕ್ಕ. ಸೋತಿದ್ದರೆ ಅತ್ತು ಸುಮ್ಮನಾಗುತ್ತಿದ್ದೆ. ಗೆದ್ದವಳು ಎಲ್ಲಿ ಕೂತು ಅಳಬೇಕು?

ಕಾತರಿನಾ


ಕಾನ್ವೆಂಟು, ಜೋಯಿಡಾ ತಾಲೂಕು
13 ನವೆಂಬರ್ 2024

ಅವ್ವಾ, ಅವ್ವಾ,

ಪೇಪರು ನೋಡಿದೆ! ಮೂಲೆಯಲ್ಲಿ ಪುಟ್ಟದಾಗಿ ಬಂದಿದೆ, ಮೇಲೆ ನಮ್ಮ ಮನೆಯ ಫೋಟೋ. ಕಿಟಕಿ ಕಾಣುತ್ತದೆ, ಬಾಗಿಲು ಕಾಣುತ್ತದೆ. ಎಲ್ಲರಿಗೂ ತೋರಿಸಿದೆ. ಊಟದ ಮನೆಯಲ್ಲಿ ಚಪ್ಪಾಳೆ ತಟ್ಟಿದರು.

ಈಗ ಹೇಳುತ್ತೇನೆ, ಸಿಟ್ಟಾಗಬೇಡ. ವ್ರತಕ್ಕೆ ಅರ್ಜಿ ಬರೆದುಕೊಡಬೇಕು, ನಾನು ಕೊಟ್ಟಿಲ್ಲ. ಮೊದಲ ವರ್ಷವೇ ತಿಳಿದಿತ್ತು, ಇದು ನನ್ನಿಂದ ಆಗುವುದಲ್ಲ ಎಂದು. ದೇವರು ಬೇಡವಾಗಿ ಅಲ್ಲ. ಬೆಳಗ್ಗೆ ಎದ್ದ ಕೂಡಲೇ ನನಗೆ ನಿನ್ನ ಮುಖ ಬೇಕು. ನಿನಗೆ ಕೋರ್ಟಿನ ಭಾರವೇ ಇರುವಾಗ ಇದನ್ನೂ ಹೇಗೆ ಹೊರಿಸಲಿ ಎಂದು ಸುಮ್ಮನಿದ್ದೆ. ಮನೆ ಹೋಗಿಬಿಟ್ಟರೆ ಇಲ್ಲಿಯೇ ಇದ್ದುಬಿಡೋಣ, ಅವ್ವನಿಗೆ ಇನ್ನೊಂದು ಹೊಟ್ಟೆ ಬೇಡ ಎಂದೂ ಅಂದುಕೊಂಡಿದ್ದೆ. ಈಗ ಮನೆ ನಮ್ಮದಾಯಿತು. ಡಿಸೆಂಬರ್ ಎರಡು, ಸೋಮವಾರ ಬರುತ್ತೇನೆ.

ಈ ಪತ್ರವನ್ನು ಮದರ್ ಓದಿದರು. ಕನ್ನಡಕ ಒರೆಸಿಕೊಂಡು, “ಮೊದಲಿನಿಂದಲೂ ನಿನ್ನ ಪತ್ರ ಓದುತ್ತಿದ್ದೇನೆ ಮಗಳೇ, ನನಗೂ ಗೊತ್ತಿತ್ತು” ಎಂದರು.

ಜ್ಯೂಲಿ


ಅಂಬೇವಾಡಿ
20 ನವೆಂಬರ್ 2024

ಕಾತರಿನಾ,

ನಿನ್ನ ಪತ್ರದ ಜೊತೆ ನೀನು ಕಳಿಸಿದ ಜ್ಯೂಲಿಯ ಪತ್ರವನ್ನೂ ಓದಿದೆ. ಮನೆ ಬಿದ್ದದ್ದನ್ನು ಅವಳಿಗೆ ಹೇಳಲೋ ಬೇಡವೋ ಎಂದು ನನ್ನನ್ನು ಕೇಳುತ್ತೀ. ಹೇಳಿದರೆ ಅರ್ಜಿಗೆ ಸಹಿ ಹಾಕಿ ಅಲ್ಲಿಯೇ ಉಳಿಯುತ್ತಾಳೆ ಎಂಬ ಹೆದರಿಕೆ ನಿನಗೆ. ಹೇಳದೆ ಕರೆಸಿಕೊಂಡರೆ ಬಸ್ಸಿಳಿದು ಬಂದು ಬಯಲು ನೋಡುತ್ತಾಳೆ. ಆಗ ನಿನ್ನ ಮುಖ ಎಲ್ಲಿ ಇಟ್ಟುಕೊಳ್ಳುತ್ತೀ?

ಏನೂ ಮುಟ್ಟಬಾರದು, ಏನೂ ಅಲುಗಾಡಬಾರದು ಎಂದು ಕೈಕಟ್ಟಿ ಕೂತೆ, ಗೋಡೆ ಬಿತ್ತು. ಮಗಳ ವಿಷಯದಲ್ಲಿಯೂ ಹಾಗೆ ಕೂರಬೇಡ. ಇದ್ದದ್ದು ಬರೆ.

ನನ್ನ ಮನೆಯ ಕೀಲಿ ಅಡಿವೆಯ್ಯನ ಹತ್ತಿರ ಇದೆ. ಅವಳನ್ನು ಕೊಟ್ಟಿಗೆಯಲ್ಲಿ ಮಲಗಿಸಿದರೆ ನನ್ನ ಆಣೆ.

ನೀಲಕ್ಕ


ಹುಣಸೆಕೊಪ್ಪ
23 ನವೆಂಬರ್ 2024

ನನ್ನ ಜ್ಯೂಲಿಗೆ,

ಪೇಪರಿನಲ್ಲಿರುವುದು ಕೋರ್ಟಿನ ಕಾಗದದಲ್ಲಿದ್ದ ಹಳೆಯ ಫೋಟೋ. ಮನೆ ಇಲ್ಲ.

ಜುಲೈನಲ್ಲಿ ನಿನ್ನ ಕೋಣೆ ಬಿತ್ತು, ಆಗಸ್ಟ್‌ನಲ್ಲಿ ಅಡುಗೆಮನೆ. ಪಂಚಾಯಿತಿಯವರು ಬೀಳಿಸಲಿಲ್ಲ. ಕೋರ್ಟು ಮುಟ್ಟಬೇಡ ಎಂದಿತು, ನಾನು ಮುಟ್ಟಲಿಲ್ಲ, ಮಳೆ ಬಂತು. ನಿನಗೆ ಸುಳ್ಳು ಬರೆಯಲಿಲ್ಲ, ಆದರೆ ನಿಜವನ್ನೂ ಬರೆಯಲಿಲ್ಲ. ಮನೆ ಇಲ್ಲವೆಂದು ತಿಳಿದರೆ ನೀನು ಅಲ್ಲಿಯೇ ಉಳಿದುಬಿಡುತ್ತೀ ಎಂದು ಹೆದರಿದೆ. ನೀನು ಬಾಯಿಬಿಟ್ಟು ಹೇಳದಿದ್ದರೂ ಬರಬೇಕೆಂದಿದ್ದೀ ಎಂದು ಫೆಬ್ರವರಿಯ ಪತ್ರದಲ್ಲೇ ನನಗೆ ತಿಳಿದಿತ್ತು.

ಈಗ ಕೇಳು. ದೇವರಿಗಾಗಿ ಅಲ್ಲಿ ಇರುವುದಾದರೆ ಇರು, ನಾನು ಸಂತೋಷದಿಂದ ಹಬ್ಬಕ್ಕೆ ಬರುತ್ತೇನೆ. ಅವ್ವನಿಗೆ ಜಾಗವಿಲ್ಲ ಎಂದು ಮಾತ್ರ ಇರಬೇಡ. ನೀಲಕ್ಕನ ಮನೆ ಇದೆ. ಅದೂ ಇಲ್ಲದಿದ್ದರೆ ಗಿಡದ ಕೆಳಗೆ ಕೂರೋಣ. ನೀನು ನನಗೆ ಭಾರವಲ್ಲ, ಎಂದೂ ಆಗಿರಲಿಲ್ಲ. ನನಗೆ ನೀನು ಬೇಕು ಜ್ಯೂಲಿ. ಇದನ್ನು ಮದರ್ ಓದಿದರೆ ಓದಲಿ.

ಸೋಮವಾರ ಮಳಗಿ ಬಸ್ ನಿಲ್ದಾಣದಲ್ಲಿ ಇರುತ್ತೇನೆ. ಬರದಿದ್ದರೆ ಬೈಯುವುದಿಲ್ಲ.

ನಿನ್ನ ಅವ್ವ
ಕಾತರಿನಾ


ಹುಣಸೆಕೊಪ್ಪ
4 ಡಿಸೆಂಬರ್ 2024

ನೀಲಕ್ಕ ದೊಡ್ಡವ್ವನಿಗೆ,

ಅವ್ವನ ಪತ್ರ ತಲುಪಿತ್ತು, ಎಲ್ಲ ತಿಳಿದೇ ಸೋಮವಾರ ಬಂದೆ. ಅವ್ವ ನಿಲ್ದಾಣದ ಕಟ್ಟೆಯ ಮೇಲೆ ಕೂತಿದ್ದಳು. ನಾನು ಬಸ್ಸಿನಿಂದ ಇಳಿದರೂ ಏಳಲಿಲ್ಲ, ಎದ್ದರೆ ನಾನು ಮತ್ತೆ ಹತ್ತಿಬಿಡುತ್ತೇನೆ ಎಂಬ ಹಾಗೆ ನೋಡುತ್ತಲೇ ಇದ್ದಳು. ಬಹಳ ಸೊರಗಿದ್ದಾಳೆ ದೊಡ್ಡವ್ವ. ಕೈ ಹಿಡಿದರೆ ಎಲುಬು ಸಿಗುತ್ತದೆ. ದಾರಿಯುದ್ದಕ್ಕೂ ನನ್ನ ಚೀಲ ಕೊಡಲೇ ಇಲ್ಲ.

ನಿಮ್ಮ ಮನೆಯ ಬೀಗ ತೆಗೆದು ಸಾಮಾನು ಇಟ್ಟೆವು. ಮರುದಿನ ಬೆಳಗ್ಗೆ ನಮ್ಮ ಜಾಗಕ್ಕೆ ಹೋದೆವು. ಗೋಡೆಗಳು ಮೊಣಕಾಲೆತ್ತರದ ಮಣ್ಣಾಗಿ ಕೂತಿವೆ, ಯಾವ ಕಡೆಯಿಂದಲಾದರೂ ದಾಟಬಹುದು. ಆದರೂ ಅವ್ವ ಸುತ್ತಿ ಬಂದು ಬಾಗಿಲಿದ್ದ ಕಡೆಯಲ್ಲಿ ಚಪ್ಪಲಿ ಬಿಟ್ಟು ಒಳಗೆ ಹೋದಳು. ನಾನೂ ಅಲ್ಲಿಯೇ ಬಿಟ್ಟೆ. “ಇಲ್ಲಿ ಕುಂದ್ರು, ಇದು ನಿಂದ ಮೂಲಿ” ಎಂದಳು. ಆಗ ನನಗೆ ಅಳು ತಡೆಯಲಾಗಲಿಲ್ಲ. ಅವ್ವನೂ ಅತ್ತಳು. ಅತ್ತು ಸಾಕಾದ ಮೇಲೆ ನನ್ನ ತೊಡೆಯ ಮೇಲೆ ತಲೆಯಿಟ್ಟು ಮಲಗಿದಳು. ಬಿಸಿಲು ಹಿತವಾಗಿತ್ತು. ಒಂದು ಗಳಿಗೆಯಲ್ಲಿ ಗೊರಕೆ. ಜನವರಿಯಿಂದ ಇವಳು ಸರಿಯಾಗಿ ಮಲಗಿದ್ದೇ ಇಲ್ಲ ಎಂದು ಅಡಿವೆಯ್ಯ ಕಾಕಾ ಹೇಳಿದರು.

ಅಷ್ಟರಲ್ಲಿ ಪಂಚಾಯಿತಿಯ ಸೋಮಪ್ಪ ಬಂದ. ಕೈಯಲ್ಲಿ ಹೊಸ ನೋಟಿಸು. ಈ ಸಲ ಕಾನೂನು ಪ್ರಕಾರವೇ ಕೊಡುತ್ತಿದ್ದಾರೆ, ಅವ್ವನ ಸಹಿ ಬೇಕು. ಅಂಗಳದಲ್ಲಿ ನಿಂತು ಕೆಮ್ಮಿದ.

“ಕಾತರಿನಕ್ಕ ಅದಾರೇನ?” ಎಂದು ಮೆಲ್ಲಗೆ ಕೇಳಿದ.

ಸುತ್ತ ಒಂದು ಗೋಡೆಯಿಲ್ಲ, ಅವ್ವ ಅವನ ಕಣ್ಣೆದುರಿಗೇ ಮಲಗಿದ್ದಾಳೆ.

“ಮನಿಯಾಗ ಮಲಗ್ಯಾಳ್ರಿ” ಎಂದೆ. “ಎಬ್ಬಸೂದಿಲ್ಲ. ನಾಳೆ ಬರ್ರಿ.”

ಸೋಮಪ್ಪ ಕಾಗದವನ್ನು ಮಡಚಿ ಕಿಸೆಗೆ ಹಾಕಿಕೊಂಡು ಹೋದ.

ನಿಮ್ಮ
ಜ್ಯೂಲಿ